ಹಣೆಗಣ್ಣು ಕೊಟ್ಟವಳು

ಜಗತ್ತು ಹೇಗೆ ಹುಟ್ಟಿತು ಎಂಬುದಕ್ಕೆ ಡೊಂಬಿವಲಿಯ ನಮ್ಮ ಮನೆಯಲ್ಲಿ ಎರಡು ಕತೆಗಳಿದ್ದವು. ಮೊದಲನೆಯದು ಅಮ್ಮನದು. ಸಂಜೆ ನಲ್ಲಿಯ ನೀರು ತುಂಬಿಸಿಟ್ಟ ಮೇಲೆ ಅವಳು ಬಾಗಿಲಾಚೆಯ ಗ್ಯಾಲರಿಯಲ್ಲಿ ನನ್ನನ್ನು ಮುಂದೆ ಕೂರಿಸಿಕೊಂಡು ತಲೆ ಬಾಚುತ್ತ ಹೇಳುತ್ತಿದ್ದಳು. ಎಲ್ಲೆಲ್ಲೂ ಹಾಲಿನ ಕಡಲು, ಕಡಲಿನಲ್ಲಿ ಹಾವಿನ ಹಾಸಿಗೆ, ಹಾಸಿಗೆಯ ಮೇಲೆ ಮಲಗಿದ ದೇವರು, ಅವನ ಹೊಕ್ಕುಳಿನಿಂದ ಎದ್ದ ತಾವರೆ, ತಾವರೆಯೊಳಗೆ ಬ್ರಹ್ಮ. ಬ್ರಹ್ಮ ಕಣ್ಣು ಬಿಟ್ಟ, ಲೋಕ ಆಯಿತು. ಆ ಕತೆಯಲ್ಲಿ ಯಾರೂ ಅಳುತ್ತಿರಲಿಲ್ಲ, ಯಾರಿಗೂ ನೋವಾಗುತ್ತಿರಲಿಲ್ಲ. ಲಕ್ಷ್ಮಿ ಕಾಲೊತ್ತುತ್ತ ಕೂತಿರುತ್ತಿದ್ದಳು, ಅಷ್ಟೆ. ಜಡೆ ಮುಗಿಯುವುದರೊಳಗೆ ಸೃಷ್ಟಿಯೂ ಮುಗಿದಿರುತ್ತಿತ್ತು.

ನಮ್ಮದು ಎಂಐಡಿಸಿ ಕಾರ್ಖಾನೆಗಳ ಬೆನ್ನಿಗೆ ಇದ್ದ ಚಾಳು. ಮೊದಲ ಮಹಡಿಯಲ್ಲಿ ಎರಡು ಖೋಲಿ. ಒಳಗಿನದು ಅಡುಗೆಗೆ, ಹೊರಗಿನದು ಉಳಿದೆಲ್ಲಕ್ಕೆ. ಅಡುಗೆ ಖೋಲಿಯ ಮೂಲೆಯಲ್ಲಿ ಮೊಣಕಾಲೆತ್ತರದ ಕಟ್ಟೆ ಕಟ್ಟಿದ ಮೋರಿ, ಅಲ್ಲೇ ಸ್ನಾನ, ಅಲ್ಲೇ ಪಾತ್ರೆ ತೊಳೆಯುವುದು. ಗಾಳಿ ಆ ಕಡೆಯಿಂದ ಬೀಸಿದ ದಿನ ಕೊಳೆತ ಮೊಟ್ಟೆಯ ವಾಸನೆ ಮನೆಯೊಳಗೆ ಬಂದು ಕೂರುತ್ತಿತ್ತು, ಅಮ್ಮ ಒಗ್ಗರಣೆಗೆ ಇನ್ನೆರಡು ಎಸಳು ಬೆಳ್ಳುಳ್ಳಿ ಹಾಕುತ್ತಿದ್ದಳು. ಅಪ್ಪ ಬಟ್ಟೆಗೆ ಬಣ್ಣ ತಯಾರಿಸುವ ಕಂಪನಿಯೊಂದರಲ್ಲಿ ಕೆಲಸ ಮಾಡುತ್ತಿದ್ದ. ಅವನ ಉಗುರು ನೋಡಿದರೆ ಆ ವಾರ ಯಾವ ಬಣ್ಣದ ಕೆಲಸವೆಂದು ಗೊತ್ತಾಗುತ್ತಿತ್ತು. ವಿಜಯಪುರದ ಕಡೆಯವನು, ಮಾತು ಕಡಿಮೆ. ಅಮ್ಮ ಕಾರ್ಕಳದ ಕಡೆಯವಳು. ಅವಳ ಅಣ್ಣ ಕಲ್ಯಾಣದ ಸ್ಟೇಷನ್ ಹತ್ತಿರ ಒಂದು ಕ್ಯಾಂಟೀನ್ ನಡೆಸುತ್ತಿದ್ದ. ಅಪ್ಪ ಬ್ರಹ್ಮಚಾರಿಯಾಗಿದ್ದಾಗ ಅಲ್ಲೇ ಊಟ. ಹುಡುಗ ಒಳ್ಳೆಯವನು, ಕುಡಿಯುವುದಿಲ್ಲ, ಹಿಂದೆ ಮುಂದೆ ಯಾರೂ ಇಲ್ಲ, ತಾಯಿ ಚಿಕ್ಕಂದಿನಲ್ಲೇ ತೀರಿಕೊಂಡಳಂತೆ ಎಂದು ಮಾವನೇ ಮುಂದೆ ನಿಂತು ಮದುವೆ ಮಾಡಿಸಿದ್ದ. ಅತ್ತೆಯ ಕಾಟವಿಲ್ಲ ಎಂದು ಚಾಳಿನ ಹೆಂಗಸರು ಅಮ್ಮನನ್ನು ಕಂಡು ಅಸೂಯೆಪಡುತ್ತಿದ್ದರು. ಅಮ್ಮನಿಗೆ ಮಾತ್ರ ಅದೊಂದು ಕೊರತೆಯಾಗಿಯೇ ಇತ್ತು. ಒಂದು ಫೋಟೋ ಆದರೂ ಇದ್ದಿದ್ದರೆ ಹೂ ಮುಡಿಸಬಹುದಿತ್ತು ಎನ್ನುತ್ತಿದ್ದಳು.

ನಾನು ಐದನೇ ಇಯತ್ತೆಯಲ್ಲಿದ್ದ ವರ್ಷ, ಮಳೆ ಇನ್ನೂ ಹಿಡಿದುಕೊಂಡಿದ್ದಾಗ, ಅಪ್ಪ ಒಂದು ಬೆಳಿಗ್ಗೆ ಸೊಲ್ಲಾಪುರದಿಂದ ಬರುವ ಗಾಡಿಗೆಂದು ಕಲ್ಯಾಣಕ್ಕೆ ಹೋಗಿ ಒಬ್ಬ ಮುದುಕಿಯನ್ನು ಕರೆತಂದ. ತೆಳ್ಳಗೆ, ನೆಟ್ಟಗೆ ಇದ್ದಳು. ಕೈಯಲ್ಲಿ ಒಂದು ಬಟ್ಟೆಗಂಟು. ಕೊರಳಲ್ಲಿ ಏನೂ ಇರಲಿಲ್ಲ, ಆದರೆ ಕೊರಳ ಸುತ್ತ ಚರ್ಮ ಬಿಳಿಚಿಕೊಂಡ ಒಂದು ಗೆರೆ ಇತ್ತು. ನಮ್ಮೂರಾಕಿ, ದೊಡ್ಡವ್ವ ಆಗಬೇಕು, ನೋಡಿಕೊಳ್ಳುವವರು ಯಾರೂ ಇಲ್ಲ, ಸ್ವಲ್ಪ ದಿನ ಇರಲಿ ಎಂದು ಅಪ್ಪ ನೆಲ ನೋಡುತ್ತ ಹೇಳಿದ. ಅಮ್ಮ ಕೂಡಲೇ ಚಹಾಕ್ಕಿಟ್ಟಳು. ಅವಳ ಮುಖದಲ್ಲಿ ಖುಷಿಯೇ ಕಂಡಿತು. ಕೊನೆಗೂ ಗಂಡನ ಕಡೆಯವರೆಂದು ಒಬ್ಬರು ಮನೆಗೆ ಬಂದಿದ್ದರು. ಅಮ್ಮ ಅವಳನ್ನು ದೊಡ್ಡಮ್ಮ ಎಂದು ಕರೆದಳು. ನನಗೆ ಏನೆಂದು ಕರೆಯಬೇಕೆಂದು ಕೇಳಿದರೆ ಅವಳೇ ಹೇಳಿದಳು, ಆಯಿ ಅನ್ನು. ಅವರ ಕಡೆ ಅಜ್ಜಿಗೆ ಹಾಗೆನ್ನುತ್ತಾರೆ. ಮರಾಠಿಯಲ್ಲಿ ಆಯಿ ಎಂದರೆ ತಾಯಿ. ಪಕ್ಕದ ಖೋಲಿಯ ಕಾಕು, ಈ ಹುಡುಗಿಗೆ ಇಬ್ಬರು ತಾಯಂದಿರು ಎಂದು ಚಾಳೆಲ್ಲ ಹೇಳಿಕೊಂಡು ನಗುತ್ತಿದ್ದಳು.

ಆಯಿ ಮನೆಯಲ್ಲಿ ಇದ್ದೂ ಇಲ್ಲದ ಹಾಗೆ ಇದ್ದಳು. ಎಲ್ಲರದೂ ಆದ ಮೇಲೆ ಉಣ್ಣುವಳು, ಅಪ್ಪ ಮನೆಯಲ್ಲಿದ್ದರೆ ಗ್ಯಾಲರಿಗೆ ಹೋಗಿ ಕೂರುವಳು. ಕಾರ್ಖಾನೆಯ ಹಿಂದಿನ ನಾಲೆಯಲ್ಲಿ ಕೆಂಪು ನೀರು ಹರಿಯುವುದನ್ನು ನೋಡುತ್ತ, ಭೂಮಿತಾಯಿ ಹೊರಗಾಗ್ಯಾಳ ನೋಡ ತಂಗಿ, ಎಂದು ನನಗೆ ತೋರಿಸುವಳು. ನಾನೊಮ್ಮೆ ಅಮ್ಮ ಹೇಳಿದ ಸೃಷ್ಟಿಯ ಕತೆಯನ್ನು ಅವಳಿಗೆ ಹೇಳಿದೆ. ಹೊಕ್ಕುಳಿನ ತಾವರೆಯವರೆಗೆ ಬಂದಾಗ ಬಾಯಿಗೆ ಸೆರಗು ಹಿಡಿದು ನಕ್ಕಳು.

"ಹೊಕ್ಕಳಬಳ್ಳಿ ಗಂಡಸಿಗೆ ಎಲ್ಲಿಂದ ಬಂತ, ತಂಗಿ? ಆ ದ್ಯಾವರನ್ನ ಯಾರು ಹಡದ್ರು ಅಂತ ನಿಮ್ಮವ್ವನ್ನ ಕೇಳು."

ಆಮೇಲೆ ತನ್ನ ಕತೆ ಹೇಳಿದಳು. ಹಾಡಿನ ಹಾಗೆ ತೂಗಿ ತೂಗಿ ಹೇಳಿದಳು, ಎಡಗೈಯಲ್ಲಿ ಇಲ್ಲದ ಯಾವುದೋ ತಂತಿಯನ್ನು ಬಲಗೈ ಮೀಟುತ್ತಿತ್ತು. ಮೊದಲಿಗೆ ನೀರು, ನೀರ ಮೇಲೆ ಗಾಳಿ, ಬೇರೆ ಏನೂ ಇರಲಿಲ್ಲ. ನೀರಿನೊಳಗಿಂದ ಒಬ್ಬ ಹೆಣ್ಣು ಎದ್ದಳು, ಆದಿಮಾಯಿ. ಅವಳಿಗೆ ತಂದೆಯಿಲ್ಲ, ಗಂಡನಿಲ್ಲ, ಕರೆದರೆ ಓ ಎನ್ನುವವರಿಲ್ಲ. ಎಷ್ಟೋ ಯುಗ ಒಬ್ಬಳೇ ಇದ್ದು ಬೇಸತ್ತು ಎರಡೂ ಅಂಗೈ ಉಜ್ಜಿದಳು, ಉಜ್ಜಿ ಉಜ್ಜಿ ಗುಳ್ಳೆ ಎದ್ದವು. ಮೊದಲ ಗುಳ್ಳೆ ಒಡೆದು ಬ್ರಹ್ಮ ಬಂದ. ನನ್ನ ಮದುವೆಯಾಗು ಎಂದಳು. ನೀ ನನ್ನ ಹಡೆದವಳು, ಹೆಂಗಾದೀತು ಎಂದ. ಅವಳ ಹಣೆಯಲ್ಲಿ ಒಂದು ಕಣ್ಣಿತ್ತು, ಅದನ್ನು ತೆರೆದಳು, ಅವನು ಬೂದಿಯಾದ. ಎರಡನೆಯ ಗುಳ್ಳೆ ಒಡೆದು ವಿಷ್ಣು ಬಂದ. ಅವನೂ ಅದನ್ನೇ ಹೇಳಿದ, ಅವನೂ ಬೂದಿಯಾದ. ಮೂರನೆಯವನು ಶಿವ. ಅವನು ಇಲ್ಲ ಎನ್ನಲಿಲ್ಲ. ಆಗಲಿ, ಆದರೆ ಮೊದಲು ನಿನ್ನ ಹಣೆಗಣ್ಣು ನನಗೆ ಕೊಡು ಎಂದ. ಅವಳು ಕಿತ್ತು ಕೊಟ್ಟಳು. ಅವನು ಅದನ್ನು ತನ್ನ ಹಣೆಗೆ ಇಟ್ಟುಕೊಂಡು, ತೆರೆದು, ಅವಳನ್ನೇ ಸುಟ್ಟ. ಆ ಬೂದಿಯನ್ನು ಮೂರು ಗುಂಪು ಮಾಡಿ ಮೂವರು ಹೆಣ್ಣುಗಳನ್ನು ಮಾಡಿದ. ಅಣ್ಣಂದಿರನ್ನು ಎಬ್ಬಿಸಿ ಇಬ್ಬರನ್ನು ಅವರಿಗೆ ಕೊಟ್ಟು ಒಬ್ಬಳನ್ನು ತಾನಿಟ್ಟುಕೊಂಡ. ಲೋಕ ಅಲ್ಲಿಂದ ಶುರುವಾಯಿತು.

ನಾನು ಬೆಚ್ಚಿಹೋದೆ. ಮಕ್ಕಳನ್ನು ಸುಡುವ ತಾಯಿ, ತಾಯಿಯನ್ನು ಸುಡುವ ಮಗ, ದೇವರುಗಳೆಲ್ಲ ಹೀಗೆ ಎಂದು ನನಗೆ ಯಾರೂ ಹೇಳಿರಲಿಲ್ಲ. ಸ್ಟೋವಿನ ಮುಂದೆ ಕೂತ ಅಮ್ಮನ ಬೆನ್ನನ್ನು ನೋಡಿದೆ. ಅವಳೂ ಯಾರದೋ ಬೂದಿಯೇ ಎನಿಸಿ ಅವತ್ತು ಅವಳು ತಲೆ ಬಾಚಲು ಕರೆದಾಗ ಹೋಗಲಿಲ್ಲ. ಹೆದರಿಕೆಯಾದರೂ ಮತ್ತೆ ಮತ್ತೆ ಆಯಿಯ ಹತ್ತಿರ ಹೋಗಿ ಅದೇ ಕತೆ ಹೇಳಿಸಿಕೊಂಡೆ. ಹುಣ್ಣನ್ನು ನಾಲಿಗೆಯಿಂದ ಮುಟ್ಟಿ ಮುಟ್ಟಿ ನೋಡುವ ಹಾಗೆ.

ಅಷ್ಟರಲ್ಲಿ ಮಹಾಲಯ ಅಮಾವಾಸ್ಯೆ ಬಂತು. ಅಮ್ಮ ಮದುವೆಯಾದಾಗಿನಿಂದ ಪ್ರತಿ ವರ್ಷ ಆ ದಿನ ತಪ್ಪದೆ ತೀರಿಹೋದ ಅತ್ತೆಗೆ ಎಡೆ ಇಡುತ್ತಿದ್ದಳು. ಅಪ್ಪನಿಗೆ ಅದರಲ್ಲಿ ಮನಸ್ಸಿರಲಿಲ್ಲ, ಆದರೆ ಅಮ್ಮನ ಹಟ. ಹೆತ್ತವಳು ಹಸಿದುಕೊಂಡು ತಿರುಗಬಾರದು ಎನ್ನುತ್ತಿದ್ದಳು. ಆ ವರ್ಷ ಅಡುಗೆಗೆ ಆಯಿಯ ಕೈ ಸೇರಿತು. ಹೂರಣ ರುಬ್ಬಿದಳು, ಕಡುಬು ಮಾಡಿದಳು. ಎಲೆಗೆ ಬಡಿಸುವ ಹೊತ್ತಿಗೆ, ಇದು ಯಾರ ಹೆಸರಿನ ಎಡಿ ಎಂದು ಕೇಳಿದಳು. ಇವರ ತಾಯಿಯದು ಎಂದಳು ಅಮ್ಮ. ಆಯಿ ಎಲೆಯ ತುದಿಯನ್ನು ನೇರ ಮಾಡುತ್ತ, ಆಕೀಗೆ ಚೊಲೋ ಸೊಸಿ ಸಿಕ್ಕಾಳ, ಎಂದಳು. ಅಪ್ಪ ಎಲೆಯನ್ನು ಎತ್ತಿಕೊಂಡು ಹೋಗಿ ಗ್ಯಾಲರಿಯ ಕಟ್ಟೆಯ ಮೇಲಿಟ್ಟು ನಮಗೆ ಬೆನ್ನು ಮಾಡಿ ನಿಂತ. ಕಾಗೆ ಬರಲಿಲ್ಲ. ಅವರಿಗೆ ಏನೋ ಆಸೆ ಉಳಿದಿದೆ, ಏನಾದರೂ ಮಾತಾಡಿ ಎಂದು ಅಮ್ಮ ಹೇಳಿದರೂ ಅಪ್ಪ ಬಾಯಿ ಬಿಡಲಿಲ್ಲ. ಆಗ ಆಯಿ ಹೊಸ್ತಿಲಲ್ಲಿ ನಿಂತು ಮೆಲ್ಲಗೆ ಹೇಳಿದಳು.

"ಉಣ್ಣವ್ವಾ, ಉಣ್ಣು. ನಿನ್ನ ಮಗ ಚೊಲೋ ಅದಾನ."

ಕಾಗೆ ಬಂತು ಎಂದು ಅಮ್ಮ ಹೇಳುತ್ತಿದ್ದಳು. ನನಗೆ ನೆನಪಿಲ್ಲ. ಅಪ್ಪ ಉಣ್ಣದೆ ಹೊರಗೆ ಹೋದದ್ದು ನೆನಪಿದೆ. ಎಡೆಯ ಪಕ್ಕದಲ್ಲಿ ಪ್ರತಿ ವರ್ಷ ಒಂದು ಸೀರೆ ಇಟ್ಟು ಯಾರಾದರೂ ವಯಸ್ಸಾದವರಿಗೆ ಕೊಡುವುದು ಅಮ್ಮನ ರೂಢಿ. ಆ ಸಲದ ಹಸಿರು ಸೀರೆಯನ್ನು ಅವಳು ಆಯಿಗೇ ಕೊಟ್ಟಳು. ಅತ್ತೆಗೆ ಇಟ್ಟದ್ದು, ನೀವು ಉಟ್ಟರೆ ಅವರಿಗೆ ಮುಟ್ಟುತ್ತದೆ ಎಂದಳು. ಆಯಿ ಅದನ್ನು ಕಣ್ಣಿಗೊತ್ತಿಕೊಂಡು ತೆಗೆದುಕೊಂಡಳು.

ಮರುದಿನ ನವರಾತ್ರಿ ಶುರು. ನಮ್ಮ ಚಾಳಿನ ಟೆರೇಸಿನಲ್ಲಿ ಸಂಜೆ ಹುಡುಗಿಯರೆಲ್ಲ ಸೇರಿ ಭೋಂಡಲಾ ಆಡುತ್ತಿದ್ದೆವು. ಮಣೆಯ ಮೇಲೆ ಆನೆಯ ಚಿತ್ರ ಬರೆದು, ಸುತ್ತ ಕೈಕೈ ಹಿಡಿದು ಹಾಡು ಹೇಳುತ್ತ ತಿರುಗುವುದು, ಆಮೇಲೆ ಡಬ್ಬಿಯಲ್ಲಿ ಮುಚ್ಚಿಟ್ಟ ತಿಂಡಿ ಯಾವುದೆಂದು ಊಹಿಸಿ ತಿನ್ನುವುದು. ಆ ಸಂಜೆ ಡಬ್ಬಿ ನಮ್ಮ ಮನೆಯದು. ತಿಂಡಿ ಹಂಚುವ ಮೊದಲು ಪಕ್ಕದ ಮನೆಯ ಕಾಕು, ಒಬ್ಬೊಬ್ಬರೂ ದೇವಿಯ ಒಂದು ಕತೆ ಹೇಳಿ ಎಂದಳು. ಬೇರೆ ಹುಡುಗಿಯರು ಮಹಿಷನನ್ನು ಕೊಂದರು. ನಾನು ಎದ್ದು ನಿಂತು ಆದಿಮಾಯಿಯ ಕತೆ ಹೇಳಿದೆ, ಗುಳ್ಳೆ, ಮದುವೆ, ಬೂದಿ, ಎಲ್ಲ, ಮರಾಠಿಯಲ್ಲಿ, ಆಯಿಯ ಹಾಗೆ ಕೈ ಆಡಿಸುತ್ತ. ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿದರು. ಒಬ್ಬಾಕೆ ತನ್ನ ಮಗಳ ಕಿವಿ ಮುಚ್ಚಿದಳು. ಈ ಕತೆ ನಿನಗೆ ಯಾರು ಹೇಳಿದ್ದು ಎಂದು ಕಾಕು ಕೇಳಿದಳು.

"ಆಯೀನೇ," ಎಂದೆ.

ಮರಾಠಿ ಕಿವಿಗಳಿಗೆ ಅದರ ಅರ್ಥ ಒಂದೇ, ನನ್ನ ತಾಯಿ ಹೇಳಿದಳು. ಎಲ್ಲರ ಕಣ್ಣೂ ಅಮ್ಮನ ಕಡೆ ತಿರುಗಿದವು. ಅಮ್ಮ ಡಬ್ಬಿಯ ಮುಚ್ಚಳ ಹಿಡಿದು ನಿಂತಿದ್ದಳು, ಕಿವಿಯವರೆಗೂ ಕೆಂಪಾಗಿದ್ದಳು. ತಿಂಡಿ ಹಂಚಿದೆವೋ ಇಲ್ಲವೋ, ನನ್ನ ತೋಳು ಹಿಡಿದು ಕೆಳಗೆ ಕರೆತಂದಳು.

ಮನೆಯಲ್ಲಿ ಆಯಿ ಹಸಿರು ಸೀರೆ ಉಟ್ಟು ಅಡುಗೆ ಖೋಲಿಯಲ್ಲಿ ಕೊತ್ತಂಬರಿ ಬಿಡಿಸುತ್ತಿದ್ದಳು. ಫಸ್ಟ್ ಶಿಫ್ಟ್ ಮುಗಿಸಿ ಬಂದು ಮಲಗಿ ಎದ್ದಿದ್ದ ಅಪ್ಪ ಮೋರಿಯಲ್ಲಿ ಮುಖ ತೊಳೆಯುತ್ತಿದ್ದ. ಅಮ್ಮ ಅಲ್ಲಿಯವರೆಗೆ ಆಯಿಗೆ ಒಂದು ಬಿರುಸು ಮಾತು ಆಡಿದವಳಲ್ಲ. ಅವತ್ತು ನೇರ ಹೋಗಿ ಎದುರಿಗೆ ನಿಂತಳು.

"ಮಗುವಿಗೆ ಇಂಥದ್ದೆಲ್ಲ ಹೇಳ್ಬೇಡಿ ದೊಡ್ಡಮ್ಮ. ಹೆತ್ತ ತಾಯಿಯನ್ನು ಮಗ ಸುಡುವುದುಂಟಾ? ಯಾವ ಮಗ ಹಾಗೆ ಮಾಡ್ತಾನೆ?"

ಆಯಿ ಕೊತ್ತಂಬರಿಯಿಂದ ತಲೆ ಎತ್ತಲಿಲ್ಲ. ಉತ್ತರ ಮೋರಿಯಿಂದ ಬಂತು.

"ನಾ ಮಾಡೀನಿ," ಎಂದ ಅಪ್ಪ. ಮುಖದಿಂದ ನೀರು ಇಳಿಯುತ್ತಿತ್ತು, ಒರೆಸಿಕೊಳ್ಳಲಿಲ್ಲ. "ಅಕಿ ದೊಡ್ಡವ್ವ ಅಲ್ಲ. ನನ್ನ ಹಡದಾಕಿ."

ಅಮ್ಮ ಕೈಯಲ್ಲಿದ್ದ ಡಬ್ಬಿಯ ಮುಚ್ಚಳವನ್ನು ಸೆರಗಿನಿಂದ ಒರೆಸತೊಡಗಿದಳು. ಅದು ಒದ್ದೆಯಾಗಿರಲಿಲ್ಲ. ಒರೆಸಿದಳು, ತಿರುಗಿಸಿ ಮತ್ತೆ ಒರೆಸಿದಳು. ಅವಳ ಕಣ್ಣು ಆಯಿಯ ಮೈಮೇಲಿನ ಸೀರೆಯ ಮೇಲೆ ಬಿದ್ದು ಅಲ್ಲೇ ನಿಂತಿತು.

"ಹಾಗಾದ್ರೆ ಅಮಾವಾಸ್ಯೆಗೆ ನಾನು ಎಡೆ ಇಟ್ಟದ್ದು ಯಾರಿಗೆ?"

ತನ್ನ ಸಾವಿನ ಕಡುಬನ್ನು ಆಯಿ ತಾನೇ ಮಾಡಿದ್ದಳು, ತನ್ನ ಹೆಸರಿನ ಕಾಗೆಯನ್ನು ತಾನೇ ಕರೆದಿದ್ದಳು ಎಂಬುದು ನನಗೆ ಆ ಕ್ಷಣದಲ್ಲಿ ಹೊಳೆಯಿತು. ಅಮ್ಮನ ಸಿಟ್ಟು ಅಪ್ಪನ ಕಡೆ ತಿರುಗುತ್ತದೆ ಎಂದುಕೊಂಡೆ. ಅವಳು ಆಯಿಯ ಎದುರಿಗೆ ನೆಲದ ಮೇಲೆ ಕುಸಿದು ಕೂತಳು. ನೀವಾದರೂ ಹೇಳಬಹುದಿತ್ತಲ್ಲ ಎಂದು ಕೇಳಿದಳು.

"ಸತ್ತಾಳ ಅಂತ ಅವಾ ಹೇಳಿದ ಮ್ಯಾಲ," ಎಂದಳು ಆಯಿ, "ಬದುಕೀನಿ ಅಂತ ನಾ ಹೆಂಗ ಹೇಳ್ಲಿ ಯವ್ವಾ?"

ಅಪ್ಪ ಮೋರಿಯ ಕಟ್ಟೆಯ ಮೇಲೆ ಕೂತು ಅಷ್ಟು ವರ್ಷದ್ದನ್ನು ಹೇಳಿದ. ಅಷ್ಟೊಂದು ಮಾತನ್ನು ಅವನ ಬಾಯಲ್ಲಿ ನಾನು ಮೊದಲೂ ಕೇಳಿರಲಿಲ್ಲ, ಆಮೇಲೂ ಕೇಳಲಿಲ್ಲ. ಆಯಿಗೆ ಹಾಲುಹಲ್ಲು ಬೀಳುವ ಮೊದಲೇ ಮನೆಯವರು ಎಲ್ಲಮ್ಮನ ಹೆಸರಿನಲ್ಲಿ ಮುತ್ತು ಕಟ್ಟಿದ್ದರು. ಮುತ್ತೆಂದರೆ ಕೆಂಪು ಬಿಳಿ ಮಣಿಗಳ ಸರ. ಅದು ಕೊರಳಿಗೆ ಬಿದ್ದ ಹುಡುಗಿ ದೇವಿಗೆ ಸೇರಿದವಳು, ಅವಳಿಗೆ ಮದುವೆಯಿಲ್ಲ. ಊರಿನ ಗಂಡಸರು ಬರುತ್ತಾರೆ, ಹೋಗುತ್ತಾರೆ. ಹುಟ್ಟಿದ ಮಕ್ಕಳಿಗೆ ತಂದೆಯ ಹೆಸರಿಲ್ಲ. ಆಯಿ ದೇವಿಯ ಬುಟ್ಟಿ ತಲೆಯ ಮೇಲೆ ಹೊತ್ತು, ಒಂಟಿ ತಂತಿಯ ಚೌಡಿಕೆ ಮೀಟಿ ಹಾಡಿ ಜೋಳ ಬೇಡಿ ಮಗನನ್ನು ಶಾಲೆಗೆ ಹಾಕಿದಳು. ಶಾಲೆಯಲ್ಲಿ ಅಪ್ಪ ಯಾರೆಂದು ಕೇಳಿದರು. ಅವ್ವ ಏನೆಂಬುದನ್ನು ಹುಡುಗರೇ ಹೇಳಿಕೊಟ್ಟರು. ಮೀಸೆ ಚಿಗುರುವ ಹೊತ್ತಿಗೆ ಅವನು ರೈಲು ಹತ್ತಿ ಕಲ್ಯಾಣಕ್ಕೆ ಬಂದ. ಮೊದಲು ಕೇಳಿದವರಿಗೇ ತಾಯಿ ಸತ್ತಳು ಎಂದ, ಆಮೇಲೆ ಅದನ್ನು ಬದಲಿಸಲಾಗಲಿಲ್ಲ. ಆ ವರ್ಷ ಕಲ್ಯಾಣದ ಸ್ಟೇಷನ್ನಿನಲ್ಲಿ ಅವನ ಊರಿನ ಹಮಾಲನೊಬ್ಬ ಅವನನ್ನು ಗುರುತು ಹಿಡಿದು ಆಯಿಗೆ ಸುದ್ದಿ ಮುಟ್ಟಿಸಿದ್ದ. ಬರುತ್ತೇನೆ, ಆದರೆ ನಿನ್ನ ತಾಯಿ ಅಂತ ಯಾರಿಗೂ ಹೇಳುವುದಿಲ್ಲ ಎಂದು ಅವಳೇ ಹೇಳಿ ಕಳಿಸಿದ್ದಳಂತೆ. ಕಲ್ಯಾಣದ ಪ್ಲಾಟ್‌ಫಾರ್ಮಿನಲ್ಲಿ ಇಳಿದು, ಸಾಯುವ ತನಕ ತೆಗೆಯಬಾರದ ಮುತ್ತನ್ನು ತಾನೇ ಬಿಚ್ಚಿ ಗಂಟಿನಲ್ಲಿ ಕಟ್ಟಿಕೊಂಡಿದ್ದಳು. ಕೊರಳಿನ ಬಿಳಿ ಗೆರೆ ಅದರದು.

ನವರಾತ್ರಿಯ ಉಳಿದ ದಿನಗಳಲ್ಲಿ ಅಮ್ಮ ಅಪ್ಪನೊಡನೆ ಮಾತು ಬಿಟ್ಟಳು. ಚಹಾ ಆಗಿದೆ ಎಂದು ನನ್ನ ಕೈಲಿ ಹೇಳಿಸುವಳು. ಹಾಸಿಗೆಯನ್ನು ಅಡುಗೆ ಖೋಲಿಗೆ ತಂದು ಆಯಿಯ ಪಕ್ಕ ಹಾಸಿಕೊಂಡಳು. ಅವಳಿಗೆ ಆಯಿಯ ಮೇಲೆ ಸಿಟ್ಟಿದೆಯೋ ಇಲ್ಲವೋ ನನಗೆ ತಿಳಿಯುತ್ತಿರಲಿಲ್ಲ. ಬಹುಶಃ ಅವಳಿಗೂ ತಿಳಿದಿರಲಿಲ್ಲ. ಕೆಲಸದ ನಡುವೆ ಥಟ್ಟನೆ ನಿಂತು ಆಯಿಯ ಮುಖವನ್ನು, ಅಪ್ಪನದೇ ಮೂಗು ಗಲ್ಲಗಳನ್ನು, ಹೊಸದಾಗಿ ನೋಡುವ ಹಾಗೆ ನೋಡುವಳು. ಒಂದು ಮಧ್ಯಾಹ್ನ ಅಕ್ಕಿ ಆರಿಸುತ್ತ ಕೂತಿದ್ದಾಗ ಅವಳು ಕೇಳಿದ ಪ್ರಶ್ನೆ ನನಗೆ ಆಶ್ಚರ್ಯ ತಂದಿತು. ಅವಳು ಕೇಳಿದ್ದು ಆ ಕತೆಯ ಬಗ್ಗೆ.

"ಆದಿಮಾಯಿ ಕಣ್ಣು ಯಾಕೆ ಕೊಟ್ಟದ್ದು? ಸುಡ್ತಾನೆ ಅಂತ ಅವಳಿಗೆ ಗೊತ್ತಿರಲಿಲ್ವಾ?"

ಆಯಿ ಮೊರದಲ್ಲಿ ಬೆರಳಾಡಿಸಿ ಒಂದು ಕಲ್ಲು ಹೆಕ್ಕಿ ಆಚೆ ಹಾಕಿದಳು.

"ಗೊತ್ತಿತ್ತವ್ವ. ಹಡದಾಕಿಗೆ ಗೊತ್ತಾಗದಂಗ ಇರ್ತದೇನು? ಕಣ್ಣ ಅಂದ್ರ ಬೆಂಕಿ ಅಲ್ಲ, ನೋಡೂದು. ಮಗಗ ಕಾಣಲಿ ಅಂತ ಕೊಟ್ಲು. ಕಣ್ಣ ಬಂದಾಂವ ಮದಲ ಯಾರನ್ನ ನೋಡ್ತಾನ? ಎದುರಿಗಿದ್ದ ತಾಯೀನ್ನ. ನೋಡಿದ, ನಾಚಿಕಿ ಬಂತು. ಆ ನಾಚಿಕಿಗೇ ಆಕಿ ಸುಟ್ಟ ಹೋದ್ಲು. ನಾನೂ ಮಗನ್ನ ಸಾಲಿಗೆ ಹಾಕಿದ್ನಲ್ಲ."

ಅಮ್ಮನ ಕೈ ನಿಂತಿತು. ಆಯಿ ಮುಂದುವರಿಸಿದಳು. ಮದಿವಿ ಆಗು ಅಂದ್ಲು ಅಂತ ಹಾಡ್ತಾರ, ನಾನೂ ಹಾಂಗೇ ಹಾಡೀನಿ; ಆದರೆ ಆಕಿ ಕೇಳಿದ್ದು ಅಷ್ಟೇ ಇರಬೇಕು, ನಾ ಒಬ್ಬಾಕೀನೇ ಅದೀನಿ, ನನ್ನ ಬಿಟ್ಟು ಹೋಗಬ್ಯಾಡ ಅಂತ. ಒಬ್ಬಳೇ ಇರುವ ಹೆಂಗಸು ಏನು ಕೇಳಿದರೂ ಜನರಿಗೆ ಅದೊಂದೇ ಕೇಳಿಸುತ್ತದೆ ಎಂದಳು. ಮುಂದೆ ದೊಡ್ಡವಳಾದ ಮೇಲೆ ಠಾಣೆ ನಗರದ ಸಭಾಗೃಹವೊಂದರಲ್ಲಿ ಪಂಡಿತರೊಬ್ಬರು ಇದೇ ಕತೆಯನ್ನು ಬಿಡಿಸಿ ಹೇಳಿದ್ದನ್ನು ಕೇಳಿದೆ. ಆದಿಮಾಯಿ ಪ್ರಕೃತಿ, ಶಿವ ಪುರುಷ, ಕಣ್ಣು ಜ್ಞಾನ, ಬೂದಿಯೆಂದರೆ ಒಂದು ಹಲವಾಗುವುದು. ಅದು ತಪ್ಪು ಎನ್ನುವಷ್ಟು ನಾನು ಓದಿದವಳಲ್ಲ. ಆದರೆ ಆ ಕುರ್ಚಿಯಲ್ಲಿ ಕೂತಿದ್ದಷ್ಟು ಹೊತ್ತೂ ನನಗೆ ಕಂಡದ್ದು ಅಕ್ಕಿಯ ಮೊರ, ಅದರ ಆಚೆ ಈಚೆ ಕೂತ ಇಬ್ಬರು ಹೆಂಗಸರು.

ದಸರೆಯ ಹಿಂದಿನ ದಿನ ಮಧ್ಯಾಹ್ನ ಮಾವ ಬಂದ. ಅಮ್ಮನೇ ರಸ್ತೆಯ ಕೊನೆಯ ಫೋನ್ ಬೂತಿಗೆ ಹೋಗಿ ಅವನಿಗೆ ಎಲ್ಲವನ್ನೂ ಹೇಳಿದ್ದಳು. ಇನ್ನೊಂದು ಸುಳ್ಳು ತನ್ನಿಂದಾಗುವುದಿಲ್ಲ ಎಂದಿದ್ದಳು. ಮಾವ ಕುರ್ಚಿಯ ತುದಿಯಲ್ಲಿ ಕೂತು ತುಳುವಿನಲ್ಲಿ ಅಮ್ಮನೊಡನೆ ತಗ್ಗಿದ ಧ್ವನಿಯಲ್ಲಿ ಮಾತಾಡಿದ. ಮೋಸ ಮಾಡಿ ಮದುವೆಯಾದವನ ಮನೆಯಲ್ಲಿ ಇರಬೇಕಾಗಿಲ್ಲ, ಮಗುವನ್ನು ಕರೆದುಕೊಂಡು ಕಲ್ಯಾಣಕ್ಕೆ ಬಾ, ಮೇಲಿನ ರೂಮು ಖಾಲಿ ಇದೆ ಎಂದ. ನಾಳೆ ಊರಿಗೆ ಸುದ್ದಿ ಹೋದರೆ ಈ ಹುಡುಗಿಯನ್ನು ಯಾರು ಕೇಳುತ್ತಾರೆ ಎಂದೂ ಹೇಳಿದ. ಅವನು ಕೆಟ್ಟವನಲ್ಲ. ನನ್ನ ಪ್ರತಿ ಹುಟ್ಟುಹಬ್ಬಕ್ಕೆ ಕ್ಯಾಂಟೀನಿನಿಂದ ಬನ್ಸ್ ಕಟ್ಟಿಕೊಂಡು ಬರುತ್ತಿದ್ದವನು. ಸೆಕೆಂಡ್ ಶಿಫ್ಟಿಗೆ ಹೊರಡಬೇಕಿದ್ದ ಅಪ್ಪ ಬಾಗಿಲ ಬಳಿ ಚೀಲ ಹಿಡಿದು ನಿಂತೇ ಇದ್ದ.

ಅಮ್ಮ ಎಲ್ಲವನ್ನೂ ಕೇಳಿಸಿಕೊಂಡು ಎದ್ದು ಹೋಗಿ ಅಡುಗೆ ಖೋಲಿಯಲ್ಲಿ ಎಲೆ ಹಾಕಿದಳು. ಉಪ್ಪು, ಉಪ್ಪಿನಕಾಯಿ, ತೊಂಡೆಕಾಯಿ ಪಲ್ಯ ಬಡಿಸಿ ಅಣ್ಣನನ್ನು ಕರೆದಳು.

"ಮೊದಲು ಊಟ ಮಾಡು ಅಣ್ಣ. ಮಾತು ಆಮೇಲೆ."

ಅವನು ಬಂದು ಕೂತ. ಆಗ ಅಮ್ಮ ಅನ್ನದ ಪಾತ್ರೆಯನ್ನೂ ಸೌಟನ್ನೂ ಆಯಿಯ ಕೈಗೆ ಕೊಟ್ಟಳು. ಆಯಿ ಹಿಂಜರಿದಳು, ಅಮ್ಮ ಅವಳ ಬೆನ್ನ ಮೇಲೆ ಕೈಯಿಟ್ಟು ಮುಂದೆ ಕಳಿಸಿದಳು. ಆಯಿ ಎಲೆಯ ಮುಂದೆ ಬಂದು ನಿಂತದ್ದೇ ಮಾವ ತಲೆ ಎತ್ತಿ ನೋಡಿದ, ತಂಗಿಯ ಕಡೆ ನೋಡಿದ. ಅಮ್ಮ ಕಣ್ಣು ತಪ್ಪಿಸಲಿಲ್ಲ. ಕ್ಯಾಂಟೀನಿನಲ್ಲಿ ಯಾರೂ ಇಲ್ಲ, ಹೋಗಬೇಕು ಎನ್ನುತ್ತ ಅವನು ಎದ್ದ. ಚಪ್ಪಲಿ ಮೆಟ್ಟಿಕೊಂಡು ಹೋದವನು ಅಮ್ಮ ಬದುಕಿರುವಷ್ಟು ದಿನ ನಮ್ಮ ಮನೆಗೆ ಮತ್ತೆ ಬರಲಿಲ್ಲ.

ಎಲೆ ಹಾಗೇ ಇತ್ತು. ಆಯಿ ಪಾತ್ರೆ ಹಿಡಿದುಕೊಂಡು ಏನು ಮಾಡಬೇಕೆಂದು ತಿಳಿಯದೆ ನಿಂತಿದ್ದಳು. ಅಪ್ಪ ಬಾಗಿಲಲ್ಲಿ ಚೀಲ ಇಟ್ಟು ಒಳಗೆ ಬಂದ, ಯಾರೂ ಮುಟ್ಟದ ಆ ಎಲೆಯ ಮುಂದೆ ಕೂತ. ಮಳೆಗಾಲದಿಂದ ಅಲ್ಲಿಯವರೆಗೆ ಅವನು ಆಯಿಯನ್ನು ಏನೆಂದೂ ಕರೆದದ್ದನ್ನು ನಾನು ಕೇಳಿರಲಿಲ್ಲ.

"ಅವ್ವಾ," ಎಂದ. "ಅನ್ನ ನೀಡು."

ಆಯಿ ತಿರುಗಿ ತನ್ನ ಹಿಂದೆ ನೋಡಿದಳು. ಯಾರನ್ನು ಕರೆಯುತ್ತಿದ್ದಾನೆ ಎಂದು ನಿಜವಾಗಿಯೂ ಹುಡುಕಿದಳು. ಹಿಂದೆ ಡಬ್ಬಿಗಳನ್ನು ಜೋಡಿಸಿಟ್ಟ ಹಲಗೆಯ ಮಾಂಡಣಿ ಬಿಟ್ಟರೆ ಏನೂ ಇರಲಿಲ್ಲ.

"ನಿಮ್ಮನ್ನೇ ಕರೆದದ್ದು ಅತ್ತೆ," ಎಂದಳು ಅಮ್ಮ.

ಆಯಿ ಬಗ್ಗಿ ಬಡಿಸಿದಳು. ಅನ್ನ ಅರ್ಧ ಎಲೆಗೆ, ಅರ್ಧ ನೆಲಕ್ಕೆ ಬಿತ್ತು. ಅಪ್ಪ ನೆಲದ ಮೇಲಿನ ಅಗುಳನ್ನೂ ಒಂದೊಂದಾಗಿ ಆರಿಸಿ ಎಲೆಗೆ ಹಾಕಿಕೊಂಡ, ಉಂಡ, ಕೈ ತೊಳೆದು ಸೆಕೆಂಡ್ ಶಿಫ್ಟಿಗೆ ಹೋದ.